ಹಿತ್ತಲ ಪ್ರಶ್ನೋತ್ತರ: ಬೇಲಿಯಲ್ಲಿ ಅರಳುವ ಅಗ್ನಿಶಿಖೆ

ಆರಿದ್ರಾ ಮಳೆ ಬಿದ್ದು ಬೇಲಿಗಳು ಹಸಿರಾದ ಮೇಲೆ ಈ ಅಂಕಣಕ್ಕೆ ಬಂದ ಪತ್ರಗಳಲ್ಲಿ ಹೆಚ್ಚಿನವು ಒಂದೇ ಹೂವಿನ ಮೇಲೆ. ಕೆಲವರು ಅಗ್ನಿಶಿಖೆ ಎಂದು ಬರೆದಿದ್ದಾರೆ, ಕೆಲವರು ಗೌರಿ ಹೂ, ಅಕ್ಕತಂಗಿ ಬಳ್ಳಿ, ಕರಡಿಕಣ್ಣಿನ ಗಡ್ಡೆ ಎಂದಿದ್ದಾರೆ. ಒಬ್ಬರು ಬರೀ ಫೋಟೊ ಕಳಿಸಿ ‘ಇದೇನ್ರಿ?’ ಎಂದಿದ್ದಾರೆ. ಎಲ್ಲವೂ ಗ್ಲೋರಿಯೋಸಾ ಸುಪರ್ಬಾ ಎಂಬ ಒಂದೇ ಬಹುವಾರ್ಷಿಕ ಬಳ್ಳಿ. ಹಾಗಾಗಿ ಈ ಸಲದ ಪುಟಗಳನ್ನು ಪೂರ್ತಿ ಇದಕ್ಕೇ ಬಿಟ್ಟಿದ್ದೇವೆ. ವಿಷದ ಪ್ರಶ್ನೆಯನ್ನು ಬೇಕೆಂದೇ ಮೊದಲಿಗೆ ಇಟ್ಟಿದ್ದೇವೆ. ಕುಂಡದಲ್ಲಿ ಬೆಳೆಸುವ ಆಸೆಯಿಂದ ಓದುತ್ತಿರುವವರೂ ಅದನ್ನು ಬಿಟ್ಟು ಮುಂದೆ ಹೋಗಬೇಡಿ.

ಪ್ರಶ್ನೆ: ಹೊಲದ ಬದು ಕಡಿಯುವಾಗ ಗೆಣಸಿನಂಥ ಗಡ್ಡೆಗಳು ಸಿಕ್ಕವು. ಆಳುಗಳಲ್ಲಿ ಒಬ್ಬರು ಸುಟ್ಟು ತಿನ್ನಬಹುದು ಅಂದರು, ಇನ್ನೊಬ್ಬರು ಮುಟ್ಟಲೇಬೇಡಿ ಅಂದರು. ಗುರುತು ಹೇಗೆ? ಬೇಯಿಸಿದರೆ ವಿಷ ಹೋಗುತ್ತದೆಯೇ?
— ಕಲಘಟಗಿ ತಾಲ್ಲೂಕಿನ ರೈತರು

ಉತ್ತರ: ಎರಡನೆಯವರ ಮಾತು ಕೇಳಿ. ನೀವು ಕಳಿಸಿದ ಚಿತ್ರದಲ್ಲಿರುವುದು ಅಗ್ನಿಶಿಖೆಯ ಗಡ್ಡೆಯೇ. ಬೇಯಿಸಿದರೂ ಸುಟ್ಟರೂ ಇದರ ವಿಷ ಹೋಗುವುದಿಲ್ಲ. ಒಳಗಿರುವ ಕಾಲ್ಚಿಸಿನ್ ಎಂಬ ವಸ್ತು ಅಡುಗೆಯ ಬಿಸಿಗೆ ಬಗ್ಗುವಂಥದ್ದಲ್ಲ. ಎಲೆ, ಹೂ, ಕಾಂಡ ಎಲ್ಲದರಲ್ಲೂ ಅದು ಇದೆ. ಗಡ್ಡೆ ಮತ್ತು ಬೀಜದಲ್ಲಿ ಹೆಚ್ಚು.

ಇಡಿಯಾಗಿ ಸಿಕ್ಕಾಗ ಈ ಗಡ್ಡೆಗೆ ಎರಡು ತೋಳುಗಳಿರುತ್ತವೆ. ನೇಗಿಲಿನ ಹಾಗೆ ಒಂದು ಮೂಲೆಯಲ್ಲಿ ಬಾಗಿ ಕೂಡಿರುತ್ತವೆ. ಹೊರಸಿಪ್ಪೆ ತಿಳಿಕಂದು, ನುಣುಪು, ಒಳಗೆ ಬಿಳಿ. ಗುದ್ದಲಿ ಏಟಿಗೆ ತೋಳು ಮುರಿದು ಬಿಡಿಯಾದರೆ ಬೆರಳು ದಪ್ಪದ ಗೆಣಸಿನ ಹಾಗೇ ಕಾಣುತ್ತದೆ. ಜನ ಮೋಸ ಹೋಗುವುದು ಅಲ್ಲೇ. ಗೆಣಸು ಎರಡೂ ತುದಿಗೆ ಸಣ್ಣಗಾಗುತ್ತ ಹೋಗುತ್ತದೆ, ಮೈಮೇಲೆ ಅಲ್ಲಲ್ಲಿ ಬೇರಿನ ಎಳೆ ಇರುತ್ತವೆ, ಹಸಿಯಾಗಿ ಕೊಯ್ದರೆ ಹಾಲು ಜಿನುಗುತ್ತದೆ. ಅಗ್ನಿಶಿಖೆಯಲ್ಲಿ ಹಾಲು ಬರುವುದಿಲ್ಲ. ಆದರೆ ಈ ಗುರುತುಗಳನ್ನು ನಂಬಿ ತಿನ್ನಲು ಹೊರಡಬೇಡಿ. ಬಳ್ಳಿ ಯಾವುದೆಂದು ಕಣ್ಣಾರೆ ಕಾಣದ ಯಾವ ಗಡ್ಡೆಯನ್ನೂ ಬಾಯಿಗೆ ಹಾಕಬಾರದು.

ಯಾರಾದರೂ ತಿಂದಿದ್ದರೆ ಲಕ್ಷಣ ಕಾಣಲಿ ಎಂದು ಕಾಯಬೇಡಿ. ಸಾಮಾನ್ಯವಾಗಿ 2ರಿಂದ 6 ಗಂಟೆಯೊಳಗೆ ಬಾಯಿ, ಗಂಟಲು ಉರಿದು ವಾಂತಿ, ಹೊಟ್ಟೆನೋವು, ನೀರಿನಂಥ ಭೇದಿ ಶುರುವಾಗುತ್ತವೆ. 108ಕ್ಕೆ ಕರೆ ಮಾಡಿ ಹುಬ್ಬಳ್ಳಿಯ ಕೆಎಂಸಿಆರ್‌ಐ (ಹಿಂದಿನ ಕಿಮ್ಸ್), ಗದಗಿನ ಜಿಮ್ಸ್‌ನಂಥ ದೊಡ್ಡ ಆಸ್ಪತ್ರೆಗೆ ಒಯ್ಯಿರಿ. ಉಳಿದ ಗಡ್ಡೆ ಅಥವಾ ಬಳ್ಳಿಯ ತುಂಡನ್ನು ಜೊತೆಗೆ ಒಯ್ದರೆ ವೈದ್ಯರಿಗೆ ಅರ್ಧ ಕೆಲಸ ಮುಗಿದ ಹಾಗೆ. ಉಪ್ಪುನೀರು ಕುಡಿಸಿ ವಾಂತಿ ಮಾಡಿಸಲು ಹೋಗಬೇಡಿ. ಇದರಲ್ಲಿ ಒಂದು ಮೋಸವಿದೆ. ಮೊದಲ ದಿನದ ವಾಂತಿಭೇದಿ ತಗ್ಗಿದಾಗ ರೋಗಿ ಸುಧಾರಿಸಿದಂತೆ ಕಾಣುತ್ತಾನೆ. ಆದರೆ ಎರಡನೆಯ ದಿನದಿಂದ ವಾರದವರೆಗೆ ಕಿಡ್ನಿ, ಯಕೃತ್ತು ಸೋಲಬಹುದು, ರಕ್ತದ ಕಣಗಳು ಇಳಿಯಬಹುದು. ವೈದ್ಯರು ಇರಿ ಎಂದಷ್ಟು ದಿನ ಆಸ್ಪತ್ರೆಯಲ್ಲಿ ಇರಬೇಕು. ಬದುಕಿ ಉಳಿದವರಿಗೆ ಒಂದೆರಡು ವಾರದ ಬಳಿಕ ತಲೆಗೂದಲು ಉದುರುವುದುಂಟು. ಸಾಮಾನ್ಯವಾಗಿ ಅದು ಮತ್ತೆ ಬರುತ್ತದೆ.

ಪ್ರಶ್ನೆ: ಸಾಧನಕೇರಿ ಕಡೆಯ ಬೇಲಿಯಲ್ಲಿ ಒಂದೇ ಬಳ್ಳಿಯ ಮೇಲೆ ಹಳದಿ ಹೂವೂ ಇದೆ, ಕೆಂಪು ಹೂವೂ ಇದೆ. ಎರಡು ಬಳ್ಳಿ ಹೆಣೆದುಕೊಂಡಿವೆಯೇ?
— ಧಾರವಾಡದ ವಿದ್ಯಾರ್ಥಿನಿ

ಉತ್ತರ: ಒಂದೇ ಬಳ್ಳಿ. ಹೂವಿನ ವಯಸ್ಸು ಬೇರೆ, ಅಷ್ಟೆ. ಒಂದು ಮೊಗ್ಗಿಗೆ ದಾರ ಕಟ್ಟಿ ಗುರುತು ಮಾಡಿ ದಿನಾ ನೋಡಿ, ನಿಮಗೇ ತಿಳಿಯುತ್ತದೆ. ಮೊಗ್ಗು ಹಸಿರಾಗಿ ಕೆಳಮುಖ ಮಾಡಿ ತೂಗುತ್ತಿರುತ್ತದೆ. ಅರಳುತ್ತಿದ್ದಂತೆ ಆರೂ ದಳಗಳು ಹಿಂದಕ್ಕೆ ಮಡಚಿ ಮೇಲೆದ್ದು ನಿಲ್ಲುತ್ತವೆ. ಅಂಚು ಅಲೆಅಲೆಯಾಗಿ ಸುಕ್ಕುಗಟ್ಟಿರುತ್ತದೆ. ಮೊದಲಿಗೆ ಹಸಿರು ಬೆರೆತ ಹಳದಿ, ಆಮೇಲೆ ಬುಡ ಹಳದಿ ತುದಿ ಕೆಂಪು, ನಾಲ್ಕೈದು ದಿನ ಕಳೆದರೆ ಪೂರ್ತಿ ಕಡುಗೆಂಪು. ಹೂ ಉದುರುವುದೂ ತಡ. ಹೀಗಾಗಿ ಒಂದೇ ಬಳ್ಳಿಯಲ್ಲಿ ಎಲ್ಲ ಹಂತದ ಹೂಗಳೂ ಒಟ್ಟಿಗೆ ಸಿಗುತ್ತವೆ.

ಹತ್ತಿರ ಹೋದಾಗ ಇನ್ನೊಂದು ನೋಡಿ. ಆರು ಕೇಸರಗಳು ದಳದ ಕೆಳಗೆ ಸುತ್ತಲೂ ಚಾಚಿಕೊಂಡಿರುತ್ತವೆ. ಪ್ರತಿಯೊಂದರ ತುದಿಯಲ್ಲಿ ಪರಾಗದ ಚೀಲ ನಡುಭಾಗದಲ್ಲಿ ಅಂಟಿಕೊಂಡು, ಬೆರಳು ತಾಗಿದರೆ ಅತ್ತಿತ್ತ ತೂಗುತ್ತದೆ. ಶಲಾಕೆ (ಪರಾಗ ಪಡೆಯುವ ಹೆಣ್ಣು ಭಾಗದ ಕೊಳವೆ) ಮಾತ್ರ ಬುಡದಲ್ಲೇ ಹೆಚ್ಚುಕಡಿಮೆ ಲಂಬಕೋನದಲ್ಲಿ ತಿರುಗಿ ಒಂದು ಪಕ್ಕಕ್ಕೆ ಹೋಗಿಬಿಟ್ಟಿರುತ್ತದೆ, ತುದಿ ಮೂರಾಗಿ ಸೀಳಿರುತ್ತದೆ. ಈ ತಿರುವಿನಿಂದಾಗಿ ತನ್ನ ಪರಾಗ ತನ್ನ ಶಲಾಕೆಗೆ ಸುಲಭವಾಗಿ ತಾಗುವುದಿಲ್ಲ. ದಳದ ಬುಡದ ಮಕರಂದಕ್ಕೆ ಬರುವ ಚಿಟ್ಟೆಯೋ ಸೂರಕ್ಕಿಯೋ ಒಂದು ಹೂವಿನ ಕೇಸರಕ್ಕೆ ಒರೆಸಿಕೊಂಡು ಇನ್ನೊಂದರ ಶಲಾಕೆಗೆ ತಗಲಿಸಬೇಕು. ಕಾಯಿ ಕಟ್ಟದಿರುವ ಬಗ್ಗೆ ಮುಂದೆ ಗದಗಿನವರು ಕೇಳಿರುವ ಪ್ರಶ್ನೆಗೂ ಉತ್ತರ ಇಲ್ಲೇ ಇದೆ.

ಹೂವಿಲ್ಲದ ಕಾಲದಲ್ಲಿ ಗುರುತು ಎಲೆಯ ತುದಿ. ಇದಕ್ಕೆ ಬೇರೆ ಹಬ್ಬುಬಳ್ಳಿಯ ಕುಡಿ ಇಲ್ಲ, ಎಲೆಯ ತುದಿಯೇ ನೀಳವಾಗಿ ಸುರುಳಿ ಸುತ್ತಿ ಸಿಕ್ಕಿದ್ದನ್ನು ಹಿಡಿಯುತ್ತದೆ. ಹಿಂದೆ ಇದನ್ನು ಲಿಲಿ ಕುಟುಂಬಕ್ಕೆ ಸೇರಿಸುತ್ತಿದ್ದರು, ಈಗ ಕಾಲ್ಚಿಕೇಸೀ ಕುಟುಂಬದಲ್ಲಿ ಇಟ್ಟಿದ್ದಾರೆ. ಆಫ್ರಿಕಾದಿಂದ ಹಿಡಿದು ಭಾರತ, ಶ್ರೀಲಂಕಾ, ಆಗ್ನೇಯ ಏಷ್ಯಾದವರೆಗೆ ಇದರ ತವರು. ಜಿಂಬಾಬ್ವೆಯ ರಾಷ್ಟ್ರೀಯ ಹೂ, ತಮಿಳುನಾಡಿನ ರಾಜ್ಯ ಹೂ. ಆಸ್ಟ್ರೇಲಿಯದ ಪೂರ್ವ ಕರಾವಳಿಯಲ್ಲಿ ಮಾತ್ರ ಇದೇ ಹೂವನ್ನು ಕಳೆ ಎಂದು ಕಿತ್ತುಹಾಕುತ್ತಾರೆ!

ಪ್ರಶ್ನೆ: ಹೋದ ವರ್ಷ ಕುಂಡದಾಗ ಚಲೋ ಹೂ ಬಿಟ್ಟಿತ್ರಿ. ದೀಪಾವಳಿ ಹೊತ್ತಿಗೆ ಎಲಿ ಹಳದಿ ಆಗಿ ಪೂರಾ ಒಣಗಿತು. ನೀರು ಕಡಿಮಿ ಆತೇನೋ ಅಂತ ದಿನಾ ಹಾಕಿದೆ. ಈ ಸಲ ಮಿರಗಾ ಮಳಿ ಆದ್ರೂ ಮೊಳಕಿ ಬರಲಿಲ್ಲ. ಅಗದು ನೋಡಿದ್ರ ಗಡ್ಡಿ ಕೊಳತು ನಾರತಿತ್ತು. ಏನು ತಪ್ಪಾತು?
— ಹುಬ್ಬಳ್ಳಿ ವಿದ್ಯಾನಗರದ ಗೃಹಿಣಿ

ಉತ್ತರ: ಆ ದಿನಾ ಹಾಕಿದ ನೀರೇ ಕೊಂದಿದೆ, ಅಕ್ಕಾ. ಬಳ್ಳಿ ಸತ್ತಿರಲಿಲ್ಲ, ಮಲಗಿತ್ತು. ಮಳೆಗಾಲಕ್ಕೆ ಚಿಗುರಿ, ಆಷಾಢ ಶ್ರಾವಣದಲ್ಲಿ ಹೂ ಬಿಟ್ಟು, ಚಳಿಗಾಲದ ಬಾಯಿಗೆ ಒಣಗಿ, ಬೇಸಿಗೆಯಿಡೀ ಮಣ್ಣೊಳಗೆ ಇರುವುದು ಇದರ ಕ್ರಮ. ಈ ಅಂಕಣಕ್ಕೆ ಬರುವ ‘ಸತ್ತುಹೋಯಿತು’ ದೂರುಗಳಲ್ಲಿ ಬಹುಪಾಲು ಮಲಗಿದ ಗಡ್ಡೆಗೆ ನೀರು ಹಾಕಿದವೇ.

ನೆಲದೊಳಗೆ ಏನಾಗುತ್ತದೆ ಎಂದು ತಿಳಿದರೆ ಮುಂದೆ ಎಲ್ಲವೂ ಸಲೀಸು. ನೀವು ನೆಟ್ಟ ಗಡ್ಡೆ ಆ ವರ್ಷದ ಚಿಗುರಿಗೆ ತನ್ನಲ್ಲಿದ್ದದ್ದನ್ನೆಲ್ಲ ಕೊಟ್ಟು ಬರಿದಾಗಿ ಸುಕ್ಕಾಗುತ್ತದೆ. ಅದೇ ಹೊತ್ತಿಗೆ ಕಾಂಡದ ಬುಡದಲ್ಲಿ ಹೊಸ ಜೋಡಿ ತೋಳು ಬೆಳೆಯುತ್ತದೆ. ಮುಂದಿನ ವರ್ಷ ಬರುವುದು ಈ ಹೊಸತರಿಂದ. ಹೂ ಮುಗಿದ ಮೇಲಿನ ಎರಡು ತಿಂಗಳು ಎಲೆಗಳು ಮಾಡಿದ ಆಹಾರ ಕೆಳಗಿಳಿದು ಈ ತೋಳು ತುಂಬುತ್ತದೆ. ಅದಕ್ಕೇ ಹೂ ಹೋಯಿತೆಂದು ಹಸಿರು ಬಳ್ಳಿಯನ್ನು ಕತ್ತರಿಸಬಾರದು. ಕತ್ತರಿಸಿದರೆ ಗಡ್ಡೆ ಸಣ್ಣದಾಗಿ ಮುಂದಿನ ವರ್ಷ ಬರೀ ಎಲೆ ಬರುತ್ತದೆ, ಹೂ ಬರುವುದಿಲ್ಲ.

ಅರ್ಧಕ್ಕಿಂತ ಹೆಚ್ಚು ಎಲೆ ಹಳದಿಯಾದಾಗ ನೀರು ನಿಲ್ಲಿಸಿ. ಕಾಂಡ ಪೂರ್ತಿ ಒಣಗಿ, ಮೆಲ್ಲಗೆ ಎಳೆದರೆ ಕೈಗೆ ಬರುವಂತಾದಾಗ ತೆಗೆದುಬಿಡಿ. ಕುಂಡವನ್ನು ಮಳೆ ಬೀಳದ ಕಡೆ, ಜಗುಲಿಯಲ್ಲೋ ಮೆಟ್ಟಿಲ ಕೆಳಗೋ ಅಡ್ಡ ಮಲಗಿಸಿ ಇಡಿ. ಅಡ್ಡ ಇಟ್ಟರೆ ಮನೆಯಲ್ಲಿ ಯಾರೋ ಪಾಪ ಎಂದು ನೀರು ಹಾಕುವ ಭಯವೂ ಇಲ್ಲ. ಮೇ ಕೊನೆಯವರೆಗೆ ಒಂದು ಹನಿಯೂ ಬೇಡ.

ಗಡ್ಡೆಯನ್ನು ತೆಗೆದಿಡುವುದಾದರೆ ಜನವರಿಯಲ್ಲಿ ತೆಗೆಯಿರಿ. ಕುಂಡವನ್ನು ಗೋಣಿಚೀಲದ ಮೇಲೆ ಬೋರಲು ಹಾಕಿ, ಮಣ್ಣನ್ನು ಕೈಯಿಂದ ಬಿಡಿಸಿ. ಕಳೆ ಕೀಳುವ ಕುರ್ಚಿಗೆ ಬಳಸಬೇಡಿ. ಗಡ್ಡೆಯನ್ನು ತೊಳೆಯಬೇಡಿ, ಒಣ ಉಸುಕಿನಲ್ಲಿ ಹೂತು ಕಾಗದದ ಚೀಲದಲ್ಲೋ ಮಣ್ಣಿನ ಗಡಿಗೆಯಲ್ಲೋ ಇಡಿ. ಪ್ಲಾಸ್ಟಿಕ್ ಚೀಲದಲ್ಲಿ ಬೆವರಿ ಬೂಸ್ಟು ಹಿಡಿಯುತ್ತದೆ. ಫ್ರಿಜ್ ಬೇಡವೇ ಬೇಡ, ಯಾರಾದರೂ ಗೆಣಸೆಂದು ತೆಗೆದಾರು. ಮಕ್ಕಳ ಕೈಗೆ ಎಟುಕದ ಕಡೆ ‘ವಿಷ’ ಎಂದು ಬರೆದ ಚೀಟಿ ಅಂಟಿಸಿ ಇಡಿ. ತಿಂಗಳಿಗೊಮ್ಮೆ ಒತ್ತಿ ನೋಡಿ. ತುಸು ಸುಕ್ಕಾದರೆ ಚಿಂತೆಯಿಲ್ಲ, ಮೆತ್ತಗಾದದ್ದನ್ನು ಕೂಡಲೆ ಬೇರೆ ಮಾಡಿ.

ಮೊಳಕೆ ಒಡೆಯುವ ಕಣ್ಣು ಪ್ರತಿ ತೋಳಿನ ತುದಿಯಲ್ಲಿ ಒಂದೇ. ಆಲೂಗಡ್ಡೆಗೆ ಇರುವಂತೆ ಮೈಯೆಲ್ಲ ಕಣ್ಣುಗಳಿಲ್ಲ. ತುದಿ ಮುರಿದರೆ ಆ ತೋಳು ಎಷ್ಟೇ ದಪ್ಪಗಿದ್ದರೂ ಚಿಗುರುವುದಿಲ್ಲ. ಕೊಳ್ಳುವಾಗಲೂ ಮೊದಲು ತುದಿ ನೋಡಿ, ಆಮೇಲೆ ತೂಕ.

ಪ್ರಶ್ನೆ: ನಮ್ಮದು ಎರಿ (ಕಪ್ಪು ಮಣ್ಣಿನ) ಭೂಮಿ. ಹಿತ್ತಲಲ್ಲಿ ನೆಡಬಹುದೇ? ಕುಂಡವಾದರೆ ಮಣ್ಣು, ಆಳ, ಆಸರೆಯ ವಿವರ ತಿಳಿಸಿ.
— ಅಣ್ಣಿಗೇರಿಯ ಓದುಗರು

ಉತ್ತರ: ಬರೀ ಎರಿಯಲ್ಲಿ ಬೇಡ. ಮಳೆಗಾಲದಲ್ಲಿ ನೀರು ಹಿಡಿದು ಗಡ್ಡೆ ಕೊಳೆಯುತ್ತದೆ, ಬೇಸಿಗೆಯಲ್ಲಿ ಬಿರುಕು ಬಿಟ್ಟು ತೋಳು ತುಂಡಾಗುತ್ತದೆ. ಹಿತ್ತಲಲ್ಲೇ ಬೇಕೆಂದರೆ ಬೇಲಿಯ ಬುಡದಲ್ಲಿ ಒಂದು ಅಡಿ ಎತ್ತರದ ಏರು ಮಾಡಿ, ಅದಕ್ಕೆ ಮಸಾರಿ (ಕೆಂಪು) ಮಣ್ಣು, ಗರಸು ಬೆರೆಸಿ ನೆಡಿ.

ಕುಂಡಕ್ಕೆ 12 ಅಂಗುಲ ಬಾಯಿ, ಅಷ್ಟೇ ಆಳ ಇರಲಿ. ಒಂದು ಕುಂಡಕ್ಕೆ ಒಂದು ಗಡ್ಡೆ ಸಾಕು. ಕೆಳಗೆ ಎರಡು ಅಂಗುಲ ಇಟ್ಟಿಗೆ ಚೂರು, ಅದರ ಮೇಲೆ ಎರಡು ಪಾಲು ಮಸಾರಿ ಮಣ್ಣು, ಒಂದು ಪಾಲು ಉಸುಕು, ಒಂದು ಪಾಲು ಚೆನ್ನಾಗಿ ಕಳಿತ ತಿಪ್ಪೆಗೊಬ್ಬರ, ಒಂದು ಹಿಡಿ ಬೇವಿನ ಹಿಂಡಿ. ಹಸಿ ಗೊಬ್ಬರ ಹಾಕಿದರೆ ಅದರ ಕಾವಿಗೇ ಗಡ್ಡೆ ಹೋಗುತ್ತದೆ.

ನೆಡುವ ಕಾಲ ರೋಹಿಣಿ, ಮಿರಗಾ ಮಳೆಯ ಹೊತ್ತು. 50ರಿಂದ 60 ಗ್ರಾಂ ತೂಕದ ಗಡ್ಡೆ ಅದೇ ವರ್ಷ ಹೂ ಬಿಡುತ್ತದೆ. ತೀರ ಚಿಕ್ಕದಾದರೆ ಒಂದು ವರ್ಷ ಬರೀ ಎಲೆ ನೋಡಬೇಕಾಗುತ್ತದೆ. ನೆಡುವ ಮೊದಲು ಲೀಟರ್ ನೀರಿಗೆ 1 ಗ್ರಾಂ ಕಾರ್ಬೆಂಡಜಿಮ್ ಎಂಬ ಶಿಲೀಂಧ್ರನಾಶಕ ಬೆರೆಸಿ ಅರ್ಧ ಗಂಟೆ ಅದ್ದಿ, ನೆರಳಲ್ಲಿ ಆರಿಸಿ. ಗಡ್ಡೆಯನ್ನು ಅಡ್ಡ ಮಲಗಿಸಿ, ಮೇಲೆ 5ರಿಂದ 6 ಸೆಂ.ಮೀ. ಮಣ್ಣು ಬರಲಿ. ಚಿಗುರು ಬರುವುದು ತುದಿಯಿಂದ. ಆದ್ದರಿಂದ ಕುಂಡದ ನಡುವೆ ಇರಬೇಕಾದದ್ದು ಗಡ್ಡೆಯ ನಡುವಲ್ಲ, ತುದಿ. ಇದನ್ನು ಗಮನಿಸದೆ ನೆಟ್ಟರೆ ಬಳ್ಳಿ ಕುಂಡದ ಅಂಚಿಗೆ ಒತ್ತಿಕೊಂಡು ಮೇಲೇಳುತ್ತದೆ. ಒಮ್ಮೆ ನೀರು ಕೊಟ್ಟು ಸುಮ್ಮನಿರಿ. ಮೊಳಕೆ ಕಾಣಲು ಎರಡರಿಂದ ನಾಲ್ಕು ವಾರ ಬೇಕು. ಅಲ್ಲಿವರೆಗೆ ಮಣ್ಣು ಪೂರ್ತಿ ಒಣಗಿದರಷ್ಟೇ ನೀರು ಚಿಮುಕಿಸಿ.

ಆಸರೆಯನ್ನು ಗಡ್ಡೆಯ ಜೊತೆಯಲ್ಲೇ ನೆಟ್ಟುಬಿಡಿ. ಬಳ್ಳಿ ಬಂದ ಮೇಲೆ ಕೋಲು ಚುಚ್ಚಿದರೆ ಅದು ನೇರ ಗಡ್ಡೆಗೆ ಇಳಿಯುತ್ತದೆ. ದಪ್ಪ ಬಿದಿರು ಉಪಯೋಗಕ್ಕಿಲ್ಲ. ಎಲೆಯ ತುದಿಗೆ ಸುತ್ತಲು ಪೆನ್ಸಿಲ್‌ಗಿಂತ ಸಣ್ಣದೇ ಬೇಕು: ತೊಗರಿಕಟ್ಟಿಗೆಯ ಸಣ್ಣ ಟೊಂಗೆ, ಸುತಳಿ, ತಂತಿಬಲೆ. ಬಳ್ಳಿ 6 ಅಡಿ ದಾಟುವುದುಂಟು. ಕುಡಿಯನ್ನು ಕಟ್ಟಲು, ತಿರುವಲು ಹೋಗಬೇಡಿ. ಬೆಂಡಿನಂತೆ ಟಕ್ಕನೆ ಮುರಿಯುತ್ತದೆ, ಆ ವರ್ಷದ ಹೂವಿನ ಆಸೆ ಅಲ್ಲಿಗೆ ಮುಗಿಯಿತು. ದಿನಕ್ಕೆ ಐದಾರು ಗಂಟೆ ಬಿಸಿಲು ಬೇಕು, ಬುಡಕ್ಕೆ ಮಾತ್ರ ನೆರಳಿರಲಿ. ಒಂದು ಅಡಿ ಬೆಳೆದ ಮೇಲೆ 15 ದಿನಕ್ಕೊಮ್ಮೆ ನೆನೆಸಿದ ಶೇಂಗಾ ಹಿಂಡಿಯ ತಿಳಿಯನ್ನು ಹತ್ತು ಪಟ್ಟು ನೀರಿಗೆ ಬೆರೆಸಿ ಕೊಡಿ. ಯೂರಿಯಾ ಬೇಡ. ಎಲೆ ಸೊಂಪಾಗಿ ಕಾಂಡ ಮೆತ್ತಗಾಗಿ ರೋಗ ಕರೆಯುತ್ತದೆ.

ಅಗೆಯುವಾಗ, ನೆಡುವಾಗ ರಬ್ಬರ್ ಕೈಗವಸು ಹಾಕಿ, ಆಮೇಲೆ ಕೈ ತೊಳೆಯಿರಿ. ಅಡುಗೆಮನೆಯ ಚಾಕು ಬಳಸಬೇಡಿ.

ಪ್ರಶ್ನೆ: ಕಪ್ಪು ಮೈಮೇಲೆ ಬಿಳಿ, ಕೆಂಪು ಚುಕ್ಕಿಯ ಹುಳಗಳು ಎರಡೇ ದಿನದಲ್ಲಿ ಬಳ್ಳಿ ಬೋಳು ಮಾಡಿದವು. ಇಷ್ಟು ವಿಷದ ಗಿಡವನ್ನು ಹುಳ ಹೇಗೆ ತಿನ್ನುತ್ತದೆ?
— ಹಾವೇರಿಯ ಓದುಗರು

ಉತ್ತರ: ಪಾಲಿಟೆಲಾ ಗ್ಲೋರಿಯೋಸೇ ಎಂಬ ಪತಂಗದ ಮರಿ ಅದು. ಈ ಬಳ್ಳಿಯ ಹೆಸರನ್ನೇ ಇಟ್ಟುಕೊಂಡಿದೆ ನೋಡಿ. ಈ ವಿಷವನ್ನು ತಾಳಿಕೊಳ್ಳುವ ಶಕ್ತಿ ಅದಕ್ಕಿದೆ. ಅಂಗಳದ ಲಿಲಿ ಗಿಡಗಳಿಗೂ ಬರುತ್ತದೆ, ಹಾಗಾಗಿ ಅವನ್ನೂ ನೋಡಿ. ತಾಯಿಪತಂಗ ಎಲೆಯ ಕೆಳಮೈಯಲ್ಲಿ ಗುಂಪಾಗಿ ಮೊಟ್ಟೆ ಇಡುತ್ತದೆ. ಮರಿಗಳು ಮೊದಲಲ್ಲಿ ಒಂದೇ ಕಡೆ ಗುಂಪಾಗಿ ಮೇಯುತ್ತವೆ. ಆ ಎಲೆಯನ್ನು ಆಗಲೇ ಕಿತ್ತು ಸಾಬೂನು ನೀರಿಗೆ ಹಾಕಿದರೆ ಮುಗಿಯಿತು. ತಡವಾದರೆ ಲೀಟರ್ ನೀರಿಗೆ 5 ಮಿ.ಲೀ. ಬೇವಿನ ಎಣ್ಣೆ, 1 ಮಿ.ಲೀ. ಸಾಬೂನು ದ್ರಾವಣ ಬೆರೆಸಿ ಸಂಜೆ ಹೊಡೆಯಿರಿ, ವಾರ ಬಿಟ್ಟು ಮತ್ತೊಮ್ಮೆ. ಬಲಿತ ಹುಳಕ್ಕೆ ಬೇವು ನಾಟುವುದಿಲ್ಲ, ಕೈಯಿಂದಲೇ ಆರಿಸಬೇಕು. ಹುಳ ಕೋಶವಾಗುವುದು ಮಣ್ಣಿನಲ್ಲಿ, ಆದ್ದರಿಂದ ಬುಡದ ಮೇಲ್ಮಣ್ಣನ್ನು ಗಡ್ಡೆಗೆ ತಾಗದಂತೆ ಒಂದಂಗುಲ ಕೆದಕಿ ಬಿಸಿಲಿಗೆ ಬಿಡಿ.

ಎಲೆಯ ಮೇಲೆ ಕಂದು ಚುಕ್ಕಿ, ಸುತ್ತ ಹಳದಿ ಉಂಗುರ ಕಂಡರೆ ಅದು ಹುಳವಲ್ಲ, ಬಿಡದ ಮಳೆಗೆ ಬರುವ ಎಲೆ ಅಂಗಮಾರಿ. ಎಲೆ ತೆಗೆದು, ಲೀಟರಿಗೆ 2 ಗ್ರಾಂ ಮ್ಯಾಂಕೋಜೆಬ್ ಶಿಲೀಂಧ್ರನಾಶಕ ಹೊಡೆಯಿರಿ. ಕಾಂಡದ ಬುಡವೇ ಕಪ್ಪಾಗಿ ಬಳ್ಳಿ ಜೋತುಬಿದ್ದರೆ ಔಷಧದ ಖರ್ಚು ದಂಡ. ಗಡ್ಡೆ ಆಗಲೇ ಕೊಳೆತಿರುತ್ತದೆ.

ಪ್ರಶ್ನೆ: ಮಾಳಿಗೆಯ ಮೇಲಿನ ಬಳ್ಳಿ ರಾಶಿ ಹೂ ಬಿಟ್ಟರೂ ಒಂದೂ ಕಾಯಿ ಕಟ್ಟಲಿಲ್ಲ. ಬೀಜದಿಂದ ಸಸಿ ಮಾಡಬಹುದೇ?
— ಗದಗ ಬೆಟಗೇರಿಯ ಓದುಗರು

ಉತ್ತರ: ಮೂರನೆಯ ಮಾಳಿಗೆಗೆ ಚಿಟ್ಟೆ ಬರುವುದು ಕಡಿಮೆ. ನೀವೇ ಚಿಟ್ಟೆಯ ಕೆಲಸ ಮಾಡಿ. ಬೆಳಿಗ್ಗೆ, ಮಳೆ ಇಲ್ಲದ ಹೊತ್ತು, ಹೊಸದಾಗಿ ಅರಳಿದ ಹೂವಿನಲ್ಲಿ ಪರಾಗದ ಚೀಲ ಒಡೆದು ಹಳದಿ ಪುಡಿ ಕಾಣುತ್ತದೆ. ಚಿಮಟದಿಂದ ಆ ಚೀಲವನ್ನು ಕಿತ್ತು, ಇನ್ನೊಂದು ಹೂವಿನ ಶಲಾಕೆಯ ಮೂರು ಸೀಳಿನ ತುದಿಗೆ ಒರೆಸಿ. ಬೇರೆ ಗಡ್ಡೆಯ ಬಳ್ಳಿಯ ಪರಾಗವಾದರೆ ಒಳ್ಳೆಯದು. ಒಂದೇ ಗಡ್ಡೆಯನ್ನು ಬಿಡಿಸಿ ಎರಡು ಕುಂಡಕ್ಕೆ ಹಾಕಿದ್ದರೆ ಅವೆರಡೂ ಒಂದೇ ಗಿಡ ಎಂದು ಲೆಕ್ಕ. ವಾರದೊಳಗೆ ಹೂವಿನ ನಡುವಿನ ಹಸಿರು ಗುಬ್ಬಿ ಊದಿಕೊಂಡರೆ ಕಾಯಿ ನಿಂತಿದೆ.

ಕಾಯಿ ಬಲಿತು ಒಣಗುವುದು ಅಕ್ಟೋಬರ್ ನವೆಂಬರಿನಲ್ಲಿ. ಮೂರು ಸೀಳಾಗಿ ಬಾಯಿ ಬಿಟ್ಟಾಗ ಒಳಗೆ ಕಿತ್ತಳೆಗೆಂಪು ಗುಂಡು ಬೀಜಗಳ ಸಾಲು ಕಾಣುತ್ತದೆ. ಚಿಕ್ಕ ಮಕ್ಕಳನ್ನು ಅವು ಸೆಳೆಯುತ್ತವೆ. ಮನೆಯಲ್ಲಿ ಅಂಥ ಮಕ್ಕಳಿದ್ದರೆ ಕಾಯಿ ಕಟ್ಟಿಸುವುದೇ ಬೇಡ. ಬಾಡಿದ ಹೂವನ್ನು ಚಿವುಟಿಬಿಡಿ, ಕಾಯಿಗೆ ಹೋಗುವ ಸಾರ ಗಡ್ಡೆಗೆ ಹೋಗುತ್ತದೆ.

ಬೀಜದಿಂದ ಸಸಿ ಆಗುತ್ತದೆ, ಆದರೆ ಮೊಳೆಯಲು ತಿಂಗಳುಗಟ್ಟಲೆ ಹಿಡಿಯುತ್ತದೆ. ಕೈಗವಸು ಹಾಕಿ ಮೇಲಿನ ಕೆಂಪು ತಿರುಳನ್ನು ಉಜ್ಜಿ ತೆಗೆದು ಬಿತ್ತಿ. ಒಂದೇ ಸಲಕ್ಕೆ ಎಲ್ಲವೂ ಮೊಳೆಯುವುದಿಲ್ಲ, ಒಂದು ಈಗ, ಇನ್ನೊಂದು ಮುಂದಿನ ಮಳೆಗೆ. ಮೊದಲ ವರ್ಷ ಹುಲ್ಲಿನಂಥ ಎಲೆ, ಬಟಾಣಿ ಗಾತ್ರದ ಗಡ್ಡೆ. ಹೂವಿಗೆ ಮೂರು ನಾಲ್ಕು ವರ್ಷ. ಅವಸರದವರಿಗೆ ಈ ದಾರಿಯಲ್ಲ.

ಪ್ರಶ್ನೆ: ಔಷಧ ಕಂಪನಿಗಳು ಬೀಜ ಕೊಳ್ಳುತ್ತವೆ ಎಂದು ಕೇಳಿದ್ದೇವೆ. ಎರಡು ಎಕರೆ ಮಸಾರಿ ಇದೆ. ಬೆಳೆದರೆ ಲಾಭವೇ?
— ಶಿರಹಟ್ಟಿ ತಾಲ್ಲೂಕಿನ ಅಣ್ಣತಮ್ಮಂದಿರು

ಉತ್ತರ: ಕೊಳ್ಳುವುದು ನಿಜ. ತಮಿಳುನಾಡಿನ ಮೂಲನೂರು, ಧಾರಾಪುರಂ, ಒಡ್ಡನ್‌ಛತ್ರಂ ಭಾಗದಲ್ಲಿ ಇದು ದಶಕಗಳಿಂದ ಹೊಲದ ಬೆಳೆ. ಮಣ್ಣು, ಮಳೆಯ ವಿಷಯದಲ್ಲಿ ಕಲಘಟಗಿಗಿಂತ ನಿಮ್ಮ ಕಡೆಯೇ ಅನುಕೂಲ. ಹೂ ಬಿಡುವಾಗ ಜಡಿಮಳೆ ಹಿಡಿದರೆ ಪರಾಗ ತೊಳೆದು ಹೋಗುತ್ತದೆ.

ಆದರೂ ಎರಡು ಎಕರೆಗೆ ಒಮ್ಮೆಲೇ ಕೈ ಹಾಕಬೇಡಿ. ಲೆಕ್ಕ ನೋಡಿ. ಸಾಲಿನಿಂದ ಸಾಲಿಗೆ 4 ಅಡಿ, ಗಿಡದಿಂದ ಗಿಡಕ್ಕೆ ಒಂದೂವರೆ ಅಡಿ ಇಟ್ಟರೆ ಎಕರೆಗೆ 7,260 ಗಡ್ಡೆ. ಒಂದೊಂದು 50 ಗ್ರಾಂ ಎಂದರೂ 363 ಕೆ.ಜಿ. ಬಿತ್ತನೆ ಗಡ್ಡೆ ಬೇಕು. ಅತಿ ದೊಡ್ಡ ಖರ್ಚು ಇದೇ. ಆಮೇಲೆ ಇಡೀ ಹೊಲಕ್ಕೆ ಆಸರೆ ಕಟ್ಟಬೇಕು. ತಂತಿ ಎಳೆಯಬಹುದು, ಇಲ್ಲವೆ ನಿಮ್ಮ ಗುಡ್ಡದಲ್ಲೇ ಬೆಳೆಯುವ ಬಂದರಿಕೆಯನ್ನು ಒಂದು ವರ್ಷ ಮೊದಲು ಸಾಲಾಗಿ ಹಾಕಿ ಬಳ್ಳಿ ಹಬ್ಬಿಸಬಹುದು. ಮೂರನೆಯದು ಕೂಲಿ. ಹೂವಿನ ಕಾಲ ಮುಗಿಯುವವರೆಗೆ ದಿನಾ ಬೆಳಿಗ್ಗೆ ಆಳುಗಳು ಹೂವಿಂದ ಹೂವಿಗೆ ಪರಾಗ ಮುಟ್ಟಿಸಬೇಕು. ಒಂದು ದಿನ ತಪ್ಪಿದರೆ ಅಂದಿನ ಕಾಯಿ ಹೋಯಿತು. ಮುಂಗಾರು ಕೆಲಸದ ಭರದಲ್ಲಿ ಆಳು ಸಿಗುತ್ತಾರೆಯೇ, ನೀವೇ ಯೋಚಿಸಿ.

ನೆಟ್ಟ 160ರಿಂದ 180 ದಿನಕ್ಕೆ ಕಾಯಿ ಕೊಯ್ಲಿಗೆ ಬರುತ್ತದೆ. ಕಾಯಿ ಹಸಿರು ಬಿಟ್ಟು ತಿಳಿಹಳದಿಗೆ ತಿರುಗಿ ಸಿಪ್ಪೆ ಸುಕ್ಕಾದಾಗ, ಒಡೆಯುವ ಮೊದಲು ಕಿತ್ತು ನೆರಳಲ್ಲಿ ವಾರದಿಂದ ಹತ್ತು ದಿನ ಒಣಗಿಸಿ ಬೀಜ ಬಿಡಿಸುತ್ತಾರೆ. ಚೆನ್ನಾಗಿ ನೋಡಿಕೊಂಡ ತೋಟದಲ್ಲಿ ಎಕರೆಗೆ 80ರಿಂದ 100 ಕೆ.ಜಿ. ಬೀಜ. ಅದನ್ನು ಕೊಳ್ಳುವವರು ಬೆರಳೆಣಿಕೆಯಷ್ಟು ಮಂದಿ. ಎಪಿಎಂಸಿಗೆ ಒಯ್ದು ಸುರಿಯುವ ಮಾಲಲ್ಲ, ಮೆಣಸಿನಕಾಯಿಯಂತೆ ಬ್ಯಾಡಗಿಯಲ್ಲಿ ಹರಾಜಾಗುವುದಿಲ್ಲ. ಕೊಳ್ಳುವವರು ಕೈಬಿಟ್ಟರೆ ತಿನ್ನಲೂ ಬಾರದು, ದನಕ್ಕೆ ಹಾಕಲೂ ಬಾರದು. ಆದ್ದರಿಂದ ಮೊದಲು ಲಿಖಿತ ಒಪ್ಪಂದ, ಆಮೇಲೆ ಗಡ್ಡೆ. ‘ಗಡ್ಡೆ ನಾವು ಕೊಡುತ್ತೇವೆ, ಬೀಜ ನಾವೇ ಕೊಳ್ಳುತ್ತೇವೆ’ ಎಂದು ಬಾಯಿಮಾತಲ್ಲಿ ಹೇಳಿ ಮುಂಗಡ ಕೇಳುವವರಿಗೆ ದುಡ್ಡು ಕೊಡಬೇಡಿ.

ಮೊದಲ ವರ್ಷ ಒಂದು ಗುಂಟೆ ಸಾಕು, ಸುಮಾರು 180 ಗಡ್ಡೆ. ನಿಮ್ಮ ಹೊಲದಲ್ಲಿ ಎಷ್ಟು ಕಾಯಿ ನಿಲ್ಲುತ್ತದೆ, ಎಷ್ಟು ಗಡ್ಡೆ ಕೊಳೆಯುತ್ತದೆ ಎಂಬುದು ಗೊತ್ತಾಗುತ್ತದೆ. ಮಣ್ಣು ಪರೀಕ್ಷೆಗೆ ನಿಮಗೆ ಹುಲಕೋಟಿಯ ಕೃಷಿ ವಿಜ್ಞಾನ ಕೇಂದ್ರ ಹತ್ತಿರ. ಹಾವೇರಿ ಕಡೆಯವರಿಗೆ ಹನುಮನಮಟ್ಟಿ. ಮಣ್ಣಿನ ರಸಸಾರ (ಪಿಎಚ್) 5.5ರಿಂದ 7ರ ಒಳಗಿರಬೇಕು.

ಪ್ರಶ್ನೆ: ಕಪ್ಪತಗುಡ್ಡದಲ್ಲಿ ಬೇಕಾದಷ್ಟು ಇದೆಯಲ್ಲ, ನಾಲ್ಕು ಗಡ್ಡೆ ಕಿತ್ತು ತಂದರೆ ಏನು ತಪ್ಪು?
— ಮುಂಡರಗಿಯ ಓದುಗರು

ಉತ್ತರ: ಕಾನೂನಿನ ತಪ್ಪು ಮೊದಲನೆಯದು. 2019ರಲ್ಲಿ ಕಪ್ಪತಗುಡ್ಡದ ಸುಮಾರು 244 ಚದರ ಕಿ.ಮೀ. ವನ್ಯಜೀವಿಧಾಮವಾಗಿದೆ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ 29ನೇ ಕಲಂ ಪ್ರಕಾರ ಅನುಮತಿಯಿಲ್ಲದೆ ಅಲ್ಲಿಂದ ಗಿಡ, ಗಡ್ಡೆ ತೆಗೆಯುವಂತಿಲ್ಲ. ರಾಣೆಬೆನ್ನೂರಿನ ಕೃಷ್ಣಮೃಗ ಅಭಯಾರಣ್ಯಕ್ಕೂ ಇದೇ ಮಾತು.

ಎರಡನೆಯದು, ತಂದರೂ ಬದುಕುವುದು ಕಷ್ಟ. ಜನ ಕೀಳುವುದು ಹೂ ಕಂಡಾಗ, ಅಂದರೆ ಶ್ರಾವಣದಲ್ಲಿ. ಆಗ ಹಳೆಯ ಗಡ್ಡೆ ಬರಿದಾಗಿರುತ್ತದೆ, ಹೊಸದು ತುಂಬಿರುವುದಿಲ್ಲ. ಕಲ್ಲುನೆಲದಲ್ಲಿ ಅಗೆದರೆ ತುದಿಯ ಕಣ್ಣು ಉಳಿಯುವುದಿಲ್ಲ. ಗುಡ್ಡದಲ್ಲೂ ಇಲ್ಲ, ನಿಮ್ಮ ಕುಂಡದಲ್ಲೂ ಇಲ್ಲ. ನಿಮ್ಮ ಸ್ವಂತ ಹೊಲದ ಬದುವಿನಲ್ಲಿ ಇದ್ದರೆ ಈಗ ಹೂ ಇರುವಾಗ ಪಕ್ಕದಲ್ಲಿ ಒಂದು ಗೂಟ ಹೊಡೆದು ಗುರುತು ಇಡಿ. ಜನವರಿಯಲ್ಲಿ ಗೂಟದಿಂದ ಒಂದಡಿ ದೂರದಿಂದ ಅಗೆಯುತ್ತ ಬಂದು, ಜೋಡಿ ತೋಳಿನಲ್ಲಿ ಒಂದನ್ನು ಬಿಡಿಸಿಕೊಂಡು ಇನ್ನೊಂದನ್ನು ಅಲ್ಲೇ ಮುಚ್ಚಿ.

ಪ್ರಶ್ನೆ: ಮಂಡಿನೋವಿಗೆ ಇದರ ಗಡ್ಡೆ ಅರೆದು ಹಚ್ಚಬಹುದೇ? ಹೆರಿಗೆ ಸಲೀಸಾಗಲು ಅಂಗಾಲಿಗೆ ಹಚ್ಚುತ್ತಿದ್ದರು ಎಂದು ಅಜ್ಜಿ ಹೇಳುತ್ತಾರೆ.
— ರಾಣೆಬೆನ್ನೂರಿನ ಓದುಗರು

ಉತ್ತರ: ಬೇಡ, ಎರಡಕ್ಕೂ ಬೇಡ. ಆಯುರ್ವೇದ ಇದನ್ನು ಲಾಂಗಲಿ ಎಂಬ ಹೆಸರಿನಲ್ಲಿ ಉಪವಿಷಗಳ ಪಟ್ಟಿಯಲ್ಲೇ ಇಟ್ಟಿದೆ, ಶುದ್ಧಿ ಮಾಡದೆ ಬಳಸಬಾರದು ಎಂದೂ ಹೇಳಿದೆ. ಇಂದಿನ ವೈದ್ಯರು ಗೌಟ್ ಎಂಬ ಕೀಲುನೋವಿಗೆ ಕಾಲ್ಚಿಸಿನ್ ಮಾತ್ರೆ ಬರೆಯುವುದು ನಿಜ. ಆದರೆ ಆ ಮಾತ್ರೆಯಲ್ಲಿರುವುದು 0.5 ಮಿಲಿಗ್ರಾಂ. ಅಷ್ಟಕ್ಕೇ ಕಿಡ್ನಿ ತೊಂದರೆ ಇರುವವರಿಗೆ, ಕ್ಲಾರಿಥ್ರೊಮೈಸಿನ್‌ನಂಥ ಕೆಲವು ಔಷಧ ತೆಗೆದುಕೊಳ್ಳುವವರಿಗೆ ಅಪಾಯವಿದೆ. ಒಂದು ಗಡ್ಡೆಯಲ್ಲಿರುವ ಪ್ರಮಾಣ ಇನ್ನೊಂದರಲ್ಲಿ ಇರುವುದಿಲ್ಲ, ಮನೆಯಲ್ಲಿ ಅಳೆಯುವ ದಾರಿಯಿಲ್ಲ. ಅಜ್ಜಿಯ ಕಾಲಕ್ಕೆ ಹತ್ತಿರ ಆಸ್ಪತ್ರೆ ಇರಲಿಲ್ಲ, ಈಗ ಇದೆ.

ಪ್ರಶ್ನೆ: ಬೀಜವಿಲ್ಲದ ಕಲ್ಲಂಗಡಿಗೆ ಈ ವಿಷ ಹಾಕುತ್ತಾರಂತೆ, ತಿನ್ನಬಹುದೇ?
— ನವಲಗುಂದದ ಕಾಲೇಜು ವಿದ್ಯಾರ್ಥಿ

ಉತ್ತರ: ಧಾರಾಳವಾಗಿ ತಿನ್ನಿ. ಕಾಲ್ಚಿಸಿನ್ ಕೋಶ ವಿಭಜನೆಯ ಎಳೆಗಳನ್ನು ಕಟ್ಟಲು ಬಿಡುವುದಿಲ್ಲ, ಹೀಗಾಗಿ ವರ್ಣತಂತುಗಳು ಇಮ್ಮಡಿಯಾಗಿ ಒಂದೇ ಕೋಶದಲ್ಲಿ ಉಳಿಯುತ್ತವೆ. ತಳಿವಿಜ್ಞಾನಿಗಳು ಇದನ್ನು 1937ರಿಂದ ಬಳಸುತ್ತಿದ್ದಾರೆ. ಕಲ್ಲಂಗಡಿಯಲ್ಲಿ 22 ವರ್ಣತಂತು. ಎಳೆಸಸಿಗೆ ಕಾಲ್ಚಿಸಿನ್ ಮುಟ್ಟಿಸಿ 44 ಇರುವ ತಳಿ ಪಡೆದು, ಅದನ್ನು ಸಾಧಾರಣ ತಳಿಯೊಂದಿಗೆ ಸಂಕರ ಮಾಡಿದರೆ 33 ಇರುವ ಸಂತಾನ ಬರುತ್ತದೆ. ಆ ಬೆಸಸಂಖ್ಯೆಯಿಂದ ಬೀಜ ಬಲಿಯುವುದಿಲ್ಲ. ಔಷಧ ತಾಗಿದ್ದು ಹಿಂದಿನ ತಲೆಮಾರಿನ ಸಸಿಗೆ, ನೀವು ತಿನ್ನುವ ಹಣ್ಣಿಗಲ್ಲ.

ಪ್ರಶ್ನೆ: ಬೇಲಿ ತುಂಬಾ ಇದೇ ಬಳ್ಳಿ. ಆಡು, ಆಕಳು ತಿಂದರೆ?
— ಹಾನಗಲ್ಲ ತಾಲ್ಲೂಕಿನ ರೈತ ಮಹಿಳೆ

ಉತ್ತರ: ಹಸಿರು ಮೇವು ಬೇಕಾದಷ್ಟಿದ್ದಾಗ ದನಗಳು ಸಾಮಾನ್ಯವಾಗಿ ಇದನ್ನು ಮುಟ್ಟುವುದಿಲ್ಲ. ತೊಂದರೆಯಾಗುವುದು ಬದುವಿನ ಹುಲ್ಲಿನ ಜೊತೆ ಬಳ್ಳಿಯನ್ನೂ ಕೊಯ್ದು ಗ್ವಾದಲಿಗೆ ಹಾಕಿದಾಗ, ಇಲ್ಲವೆ ಉತ್ತಾಗ ಮೇಲೆ ಬಂದ ಗಡ್ಡೆಯನ್ನು ಹಂದಿ, ಆಡು ಮೂಸಿದಾಗ. ಹುಲ್ಲು ಕೊಯ್ಯುವ ಮುನ್ನ ಬಳ್ಳಿಯನ್ನು ಬೇರೆ ಎಳೆದು ಹಾಕಿ, ಒಣಗಿದ ಕಾಂಡ ಬಣವೆಗೆ ಸೇರದಂತೆ ನೋಡಿಕೊಳ್ಳಿ. ಜೊಲ್ಲು, ಭೇದಿ, ಮೇವು ಬಿಡುವುದು ಕಂಡರೆ 1962ಕ್ಕೆ ಕರೆ ಮಾಡಿ ಪಶುವೈದ್ಯರನ್ನು ಕರೆಸಿ. ಆ ಆಕಳ ಹಾಲನ್ನು ವೈದ್ಯರು ಹೇಳುವವರೆಗೆ ಕರೆದು ಚೆಲ್ಲಿ, ಕರುವಿಗೂ ಬಿಡಬೇಡಿ. ಕಾಲ್ಚಿಸಿನ್ ಹಾಲಿಗೂ ಇಳಿಯುತ್ತದೆ.